ದುರ್ಬೀನಿಗೆ ಹಾರ್ನೆಸ್: ಓದುಗರ ಪ್ರಶ್ನೆ, ನಮ್ಮ ಉತ್ತರ

ಕಳೆದ ಸಂಚಿಕೆಯಲ್ಲಿ ಆಲಮಟ್ಟಿ ಹಿನ್ನೀರಿನ ಹಕ್ಕಿಗಳ ಬಗ್ಗೆ ಬರೆದಿದ್ದೆ. ದಿನವಿಡೀ ತಿರುಗುವವರು ಕುತ್ತಿಗೆ ಪಟ್ಟಿ ಬಿಟ್ಟು ಹಾರ್ನೆಸ್ ಹಾಕಿಕೊಳ್ಳಿ ಅಂತ ಅದರಲ್ಲಿ ಒಂದು ಸಾಲು ಇತ್ತು. ಹಕ್ಕಿಗಳ ಬಗ್ಗೆ ಯಾರೂ ಏನೂ ಕೇಳಲಿಲ್ಲ, ಬಂದ ಪತ್ರಗಳೆಲ್ಲ ಆ ಒಂದು ಸಾಲಿನ ಮೇಲೆ! ಸರಿ, ಈ ಸಲ ಅದನ್ನೇ ಮಾತಾಡೋಣ. ಹಾರ್ನೆಸ್ ಅಂದರೆ ಗೊತ್ತಿಲ್ಲದವರಿಗೆ: ದುರ್ಬೀನಿನ ಭಾರ ಕತ್ತಿನ ಮೇಲೆ ಬೀಳದೆ ಎರಡೂ ಹೆಗಲಿಗೆ ಹಂಚಿಹೋಗುವಂತೆ, ಬೆನ್ನಿನ ಮೇಲೆ ಅಡ್ಡಡ್ಡ ಹಾಯ್ದು ಕಂಕುಳ ಕೆಳಗಿಂದ ಮುಂದೆ ಬರುವ ಪಟ್ಟಿಗಳ ಜೋಡಿ ಅದು.

ಪ್ರಶ್ನೆ: ನಾನು ನಿವೃತ್ತ ಶಿಕ್ಷಕ. ನನ್ನ ಹತ್ತಿರ 10×50 ದುರ್ಬೀನು ಇದೆ (ಹತ್ತು ಪಟ್ಟು ದೊಡ್ಡದಾಗಿ ತೋರಿಸುವ, ಮುಂದಿನ ಲೆನ್ಸ್ 50 ಮಿ.ಮೀ. ಅಗಲದ್ದು). ಕುತ್ತಿಗೆಗೆ ಹಾಕಿಕೊಂಡು ಒಂದು ತಾಸು ಅಡ್ಡಾಡಿದರೆ ಕತ್ತು ಹಿಡಿಯುತ್ತದೆ. ಮಗ ಆನ್‌ಲೈನ್‌ನಲ್ಲಿ ಹಾರ್ನೆಸ್ ತರಿಸಿಕೊಟ್ಟಿದ್ದಾನೆ. ಯಾವ ಪಟ್ಟಿ ಎಲ್ಲಿಗೆ ಅಂತ ತಿಳಿಯುತ್ತಿಲ್ಲ. ಹೇಗೋ ಹಾಕಿಕೊಂಡರೆ ದುರ್ಬೀನು ಹೊಟ್ಟೆ ಮೇಲೆ ಬಂದು ಕೂರುತ್ತದೆ, ಕಣ್ಣಿಗೆ ಎತ್ತಿದರೆ ಕಂಕುಳಲ್ಲಿ ಪಟ್ಟಿ ಬಿಗಿಯುತ್ತದೆ. ವಾಪಸ್ ಮಾಡಿಬಿಡಲೇ? — ನವನಗರ, ಬಾಗಲಕೋಟೆ

ಉತ್ತರ: ಬೇಡ ಸರ್, ವಾಪಸ್ ಮಾಡಬೇಡಿ. ನಿಮ್ಮ ಎರಡು ದೂರಿನಲ್ಲೇ ಉತ್ತರ ಇದೆ. ಹೊಟ್ಟೆ ಮೇಲೆ ಕೂರುತ್ತದೆ ಅಂದರೆ ಹೆಗಲ ಮೇಲಿನ ಭಾಗ ಉದ್ದವಾಗಿದೆ. ಎತ್ತಿದಾಗ ಕಂಕುಳಲ್ಲಿ ಬಿಗಿಯುತ್ತದೆ ಅಂದರೆ ಕಂಕುಳ ಕೆಳಗಿನ ಭಾಗ ಗಿಡ್ಡವಾಗಿದೆ. ಹೆಗಲ ಭಾಗ ದುರ್ಬೀನು ಎಷ್ಟು ಎತ್ತರದಲ್ಲಿ ತೂಗಬೇಕು ಅನ್ನುವುದನ್ನು ನೋಡಿಕೊಳ್ಳುತ್ತದೆ, ಕಂಕುಳ ಭಾಗ ಅದು ಮೈಗೆ ಎಷ್ಟು ಹತ್ತಿರ ಇರಬೇಕು, ಎಷ್ಟು ಸಲೀಸಾಗಿ ಮೇಲೇಳಬೇಕು ಅನ್ನುವುದನ್ನು. ಇಷ್ಟು ಗೊತ್ತಾದರೆ ಮುಕ್ಕಾಲು ಕೆಲಸ ಮುಗಿದಂತೆ. ಪೆಟ್ಟಿಗೆಯಲ್ಲಿ ಬರುವ ಚೀಟಿಯಲ್ಲಿ ಇದನ್ನು ಯಾಕೆ ಬರೆಯುವುದಿಲ್ಲವೋ ದೇವರೇ ಬಲ್ಲ, ಬರೀ ಬಾಣದ ಗುರುತು ಇರುತ್ತದೆ.

ಮೊದಲು ಹಾರ್ನೆಸ್ ಒಂದನ್ನೇ ಹಾಸಿಗೆ ಮೇಲೆ ಹರಡಿ. ದುರ್ಬೀನು ಇನ್ನೂ ಬೇಡ. ಚರ್ಮದ ತುಂಡು ಬೆನ್ನಿಗೆ ಬರುವಂಥದ್ದು, ಅದರ ನಯವಾದ ಬದಿ ಮೈ ಕಡೆಗೆ ಇರಲಿ. ಅದರೊಳಗಿಂದ ಎರಡು ಪಟ್ಟಿ ಗುಣಾಕಾರ ಚಿಹ್ನೆಯಂತೆ ಹಾಯ್ದು ಹೋಗುತ್ತವೆ: ಎಡ ಹೆಗಲಿಂದ ಬಂದದ್ದು ಬಲ ಕಂಕುಳಿಗೆ, ಬಲ ಹೆಗಲಿಂದ ಬಂದದ್ದು ಎಡ ಕಂಕುಳಿಗೆ. ಹೀಗಾಗಿ ದುರ್ಬೀನಿನ ಎಡ ಕೊಂಡಿಗೆ ಸೇರುವುದು ಎಡ ಹೆಗಲ ತುದಿ ಮತ್ತು ಎಡ ಕಂಕುಳ ತುದಿ, ಎರಡೂ. ಬಲಕ್ಕೂ ಹಾಗೆಯೇ. ಎಲ್ಲೂ ತಿರುಚಿಕೊಂಡಿಲ್ಲ ಅಂತ ಬೆರಳಾಡಿಸಿ ನೋಡಿ, ಒಂದು ತಿರುಚು ಇದ್ದರೂ ಅರ್ಧ ದಿನದಲ್ಲಿ ಹೆಗಲಿಗೆ ಗೆರೆ ಬೀಳುತ್ತದೆ.

ಈಗ ಎಲ್ಲ ಬಕಲ್ ಪೂರ್ತಿ ಸಡಿಲ ಮಾಡಿ, ಕೋಟು ತೊಡುವ ಹಾಗೆ ಒಂದೊಂದೇ ತೋಳು ತೂರಿಸಿ. ಮನೆಯವರಿಗೆ ಬೆನ್ನು ತೋರಿಸಿ. ಚರ್ಮದ ತುಂಡು ಕತ್ತಿನ ಮೂಳೆಯಿಂದ ಸುಮಾರು ಒಂದು ಗೇಣು ಕೆಳಗೆ, ಎರಡು ಹೆಗಲಮೂಳೆಗಳ ನಡುವೆ ಇರಬೇಕು. ಆಮೇಲೆ ಕುರ್ಚಿ ಮೇಲೆ ಕೂತು, ಮಡಿಲಲ್ಲಿ ದಿಂಬು ಇಟ್ಟುಕೊಂಡು ದುರ್ಬೀನು ಸಿಕ್ಕಿಸಿ. ದಿಂಬು ಯಾಕೆ ಅಂದರೆ, ಮೊದಲ ಸಲ ಕ್ಲಿಪ್ ಸರಿಯಾಗಿ ಕೂತಿದೆಯೋ ಇಲ್ಲವೋ ಗೊತ್ತಾಗುವುದು ಅದು ಬಿದ್ದಾಗಲೇ. ಟಕ್ ಅಂತ ಸದ್ದು ಬಂದ ಮೇಲೂ ಒಮ್ಮೆ ಜಗ್ಗಿ ನೋಡಿ.

ಎದ್ದು ನಿಲ್ಲಿ. ಮೊದಲು ಹೆಗಲ ಭಾಗ ಗಿಡ್ಡ ಮಾಡುತ್ತಾ ಬನ್ನಿ. ಎದೆಮೂಳೆ ಮುಗಿದು ಹೊಟ್ಟೆ ಶುರುವಾಗುವ ಗುಳಿ ಇದೆಯಲ್ಲ, ದುರ್ಬೀನಿನ ಕೆಳ ಅಂಚು ಅಲ್ಲಿಗೆ ಬಂದರೆ ಸಾಕು. ಅದಕ್ಕಿಂತ ಕೆಳಗಿದ್ದರೆ ನಡೆಯುವಾಗ ಹೊಟ್ಟೆಗೆ ಬಡಿಯುತ್ತದೆ, ಜಾಸ್ತಿ ಮೇಲಿದ್ದರೆ ಕೆಳಗೆ ಬಗ್ಗಿ ನೋಡುವಾಗ ಗದ್ದಕ್ಕೆ ತಾಗುತ್ತದೆ. ಎರಡೂ ಬದಿ ಸಮ ಇರಬೇಕು. ಕಣ್ಣಂದಾಜು ನಂಬಬೇಡಿ, ಟೇಪು ಹಿಡಿದು ಅಳೆಯಿರಿ. ಸರಿಯಾದ ಜಾಗ ಸಿಕ್ಕ ಮೇಲೆ ಬಕಲ್ ಪಕ್ಕ ಮಾರ್ಕರ್ ಪೆನ್ನಿನಿಂದ ಸಣ್ಣ ಗೆರೆ ಹಾಕಿಬಿಡಿ, ಮುಂದೆ ತೊಳೆಯಲು ಬಿಚ್ಚಿದಾಗ ಮತ್ತೆ ಮೊದಲಿಂದ ಪರದಾಡುವುದು ತಪ್ಪುತ್ತದೆ.

ಇನ್ನು ಕಂಕುಳ ಭಾಗ. ದುರ್ಬೀನು ಕಣ್ಣಿಗೆ ಎತ್ತಿ, ಹಾಗೇ ಹಿಡಿದುಕೊಂಡು ಎಡಕ್ಕೆ ಬಲಕ್ಕೆ ತಿರುಗಿ. ಪಟ್ಟಿ ಎಳೆದು ಕೆಳಗೆ ಜಗ್ಗುತ್ತಿದ್ದರೆ ಒಂದೊಂದು ಬೆರಳಗಲ ಸಡಿಲ ಮಾಡಿ. ಎತ್ತಿದ್ದೇ ಗೊತ್ತಾಗಬಾರದು, ಅಷ್ಟು ಹಗುರ ಇರಬೇಕು. ಆದರೆ ತೀರಾ ಸಡಿಲ ಬಿಟ್ಟರೆ ಇನ್ನೊಂದು ತೊಂದರೆ: ಮುಂದಿನ ಭಾರಕ್ಕೆ ಬೆನ್ನಿನ ಚರ್ಮದ ತುಂಡು ಮೆಲ್ಲಗೆ ಮೇಲೇರಿ ಕತ್ತಿಗೆ ಬಂದು ಕೂರುತ್ತದೆ. ಹಾಗಾದರೆ ಹಾರ್ನೆಸ್ ಹಾಕಿಕೊಂಡೂ ಭಾರ ಕತ್ತಿನ ಮೇಲೆಯೇ, ಏನು ಉಪಯೋಗ? ಹಾಗಾಗಿ ಬಗ್ಗಿ ಚಪ್ಪಲಿ ಪಟ್ಟಿ ಹಾಕಿಕೊಂಡು ನೋಡಿ. ದುರ್ಬೀನು ಎದೆಯಿಂದ ಸ್ವಲ್ಪ ದೂರ ಸರಿದು ನಿಂತರೆ ಸರಿ, ಜೋತುಬಿದ್ದು ಮೊಣಕಾಲಿಗೆ ತಾಗಿದರೆ ಇನ್ನೂ ಬಿಗಿ ಮಾಡಬೇಕು. ಮನೆಯ ಮೆಟ್ಟಿಲು ಒಂದು ಸಲ ಹತ್ತಿ ಇಳಿದರೆ ಇದೆಲ್ಲ ತಾನಾಗಿ ಗೊತ್ತಾಗುತ್ತದೆ.

ನಿಮ್ಮದು ಪ್ರತಿ ಬದಿಗೆ ಒಂದೇ ಬಕಲ್ ಇರುವ ಮಾದರಿಯಾದರೆ, ಪಟ್ಟಿ ಚರ್ಮದ ತುಂಡಿನೊಳಗೆ ಜಾರುತ್ತದೆ. ಆಗ ಹೆಗಲಿಗೆಷ್ಟು ಕಂಕುಳಿಗೆಷ್ಟು ಅಂತ ಹಂಚುವುದು ಆ ತುಂಡನ್ನು ಮೇಲೆ ಕೆಳಗೆ ಸರಿಸಿಯೇ.

ಒಂದು ಮಾತು ಉಳಿಯಿತು. ಇದನ್ನೆಲ್ಲ ಬನಿಯನ್ ಮೇಲೆ ಮಾಡಬೇಡಿ. ಹಿನ್ನೀರಿನ ಕಡೆ ಪಟ್ಟೆತಲೆ ಹೆಬ್ಬಾತು ನೋಡಲು ಹೋಗುವುದು ಚಳಿಗಾಲದ ಬೆಳಗಿನ ಜಾವ ಅಲ್ವಾ, ಆಗ ಮೈಮೇಲೆ ಸ್ವೆಟರ್ ಇರುತ್ತದೆ. ಸ್ವೆಟರ್ ಹಾಕಿಕೊಂಡೇ ಅಳತೆ ಮಾಡಿ. ಬಿಸಿಲೇರಿ ಸ್ವೆಟರ್ ತೆಗೆದರೆ ಎರಡು ಬೆರಳು ಬಿಗಿ ಮಾಡಿದರಾಯಿತು. ನಿಮ್ಮ 10×50 ಸಾಮಾನ್ಯವಾಗಿ 800 ಗ್ರಾಂನಿಂದ 1 ಕೆ.ಜಿ. ವರೆಗೆ ತೂಗುವ ವಸ್ತು, ಕತ್ತು ಹಿಡಿದದ್ದರಲ್ಲಿ ನಿಮ್ಮ ವಯಸ್ಸಿನ ತಪ್ಪೇನಿಲ್ಲ.

ಪ್ರಶ್ನೆ: ಮಕ್ಕಳನ್ನು ಭೂತನಾಳ ಕೆರೆಗೆ, ಗೋಳಗುಮ್ಮಟಕ್ಕೆ ಕರೆದುಕೊಂಡು ಹೋಗುತ್ತಿರುತ್ತೇನೆ. ಹಾರ್ನೆಸ್ ಹಾಕಿದರೆ ಎದೆಯ ಬದಿಗೆ ಪಟ್ಟಿ ಒತ್ತುತ್ತದೆ, ವೇಲ್ ಸಿಕ್ಕಿಕೊಳ್ಳುತ್ತದೆ. ಇದೇನು ಗಂಡಸರಿಗೆ ಅಂತಲೇ ಮಾಡಿದ್ದಾ? — ಶಿಕ್ಷಕಿ, ವಿಜಯಪುರ

ಉತ್ತರ: ಬಹಳಷ್ಟು ಹಾರ್ನೆಸ್‌ಗಳನ್ನು ಹಾಗೇ ಮಾಡಿರುತ್ತಾರೆ, ನಿಮ್ಮ ಅನುಮಾನ ಸರಿ. ಬೆನ್ನಿನ ತುಂಡನ್ನು ಇನ್ನೆರಡು ಬೆರಳು ಕೆಳಗೆ ಸರಿಸಿ ನೋಡಿ. ಆಗ ಕಂಕುಳ ಪಟ್ಟಿ ಪಕ್ಕೆಲುಬಿನ ಕೆಳಭಾಗದಲ್ಲಿ ಹಾಯುತ್ತದೆ, ಎದೆಯ ಬದಿ ಬಿಡುವಾಗುತ್ತದೆ. ದುರ್ಬೀನನ್ನೂ ಮೇಲಿನ ಉತ್ತರದಲ್ಲಿ ಹೇಳಿದ್ದಕ್ಕಿಂತ ಎರಡು ಬೆರಳು ಕೆಳಗೆ ಇಟ್ಟುಕೊಳ್ಳಬಹುದು. ಅಳತೆ ಅನ್ನುವುದು ನಿಮ್ಮ ಮೈಗೆ, ಪುಸ್ತಕಕ್ಕಲ್ಲ. ವೇಲ್ ಪಟ್ಟಿಯ ಒಳಗೆ ಇರಲಿ, ಹೊರಗೆ ಬೇಡ. ಸೀರೆಯಾದರೆ ಸೆರಗಿಗೆ ಪಿನ್ ಹಾಕಿ, ಆಮೇಲೆ ಹಾರ್ನೆಸ್. ಹೆಗಲಿನ ಸೆರಗು ಪಿನ್ ಮಾತ್ರ ಪಟ್ಟಿಯ ಕೆಳಗೆ ಬರದಂತೆ ನೋಡಿಕೊಳ್ಳಿ, ಚುಚ್ಚುತ್ತದೆ.

ಗೋಳಗುಮ್ಮಟ ಅಂದಿರಲ್ಲ, ಅಲ್ಲಿ ಹಾರ್ನೆಸ್ ಬೆಲೆ ಗೊತ್ತಾಗುತ್ತದೆ. ಆ ಏಳು ಅಂತಸ್ತಿನ ಮೂಲೆ ಗೋಪುರದ ಇಕ್ಕಟ್ಟು ಮೆಟ್ಟಿಲಿನಲ್ಲಿ ಕುತ್ತಿಗೆಗೆ ನೇತಾಡುವ ದುರ್ಬೀನು ಹೆಜ್ಜೆಹೆಜ್ಜೆಗೂ ಗೋಡೆಗೆ ಕುಟ್ಟುತ್ತದೆ. ಒಂದು ಪೆಟ್ಟು ಜೋರಾಗಿ ಬಿದ್ದರೆ ಒಳಗಿನ ಪ್ರಿಸಂ (ಬೆಳಕು ತಿರುಗಿಸುವ ಗಾಜಿನ ತುಂಡು) ಸರಿದು ಒಂದೇ ಹಕ್ಕಿ ಎರಡಾಗಿ ಕಾಣಲು ಶುರುವಾಗುತ್ತದೆ, ಆಮೇಲೆ ಅದನ್ನು ಸರಿಮಾಡುವವರನ್ನು ಹುಡುಕುವುದೇ ಒಂದು ಕೆಲಸ. ಹಾರ್ನೆಸ್‌ನಲ್ಲಿ ಎದೆಗೆ ಅಂಟಿಕೊಂಡಿರುತ್ತದೆ, ಮೇಲೆ ಹೋಗಿ ಊರು ನೋಡಲು ಕಟ್ಟೆಗೆ ಬಾಗಿದರೂ ಜಾರಿ ಹೋಗುವ ಭಯ ಇಲ್ಲ.

ಪ್ರಶ್ನೆ: ನನ್ನದು ಹಳೆಯ ದುರ್ಬೀನು, ಅಜ್ಜನದು. ಪಟ್ಟಿ ಹಾಕುವ ಕಿಂಡಿ ಬಹಳ ಸಣ್ಣದು, ಹಾರ್ನೆಸ್ ಕ್ಲಿಪ್ ಒಳಗೆ ಹೋಗುವುದಿಲ್ಲ. ಯಡಹಳ್ಳಿ ಕಡೆ ಚಿಂಕಾರ (ಸಣ್ಣ ಜಾತಿಯ ಹುಲ್ಲೆ) ನೋಡಲು ಒಯ್ಯಬೇಕು. ಬೀಗದ ಕೈ ರಿಂಗ್ ಹಾಕಲೇ? — ಬೀಳಗಿ

ಉತ್ತರ: ರಿಂಗ್ ಹಾಕುವವರು ಬಹಳ ಜನ ಇದ್ದಾರೆ, ನನಗೆ ಅದು ಅಷ್ಟು ಇಷ್ಟ ಇಲ್ಲ. ಉಕ್ಕಿನ ರಿಂಗು ಕಿಂಡಿಯ ಮೆತ್ತನೆ ಲೋಹವನ್ನು ದಿನದಿನ ಸವೆಸುತ್ತದೆ, ನಡೆಯುವಾಗ ಕಿಣಿಕಿಣಿ ಸದ್ದು ಬೇರೆ. ಚಿಂಕಾರದ ಕಿವಿ ನಿಮ್ಮ ನಮ್ಮ ಕಿವಿಯಂಥದ್ದಲ್ಲ. ಅದರ ಬದಲು ಗಟ್ಟಿ ನೈಲಾನ್ ದಾರ ತಗೊಳ್ಳಿ, 2 ಮಿ.ಮೀ. ದಪ್ಪದ್ದು ಸಾಕು. ಒಂದು ಗೇಣುದ್ದ ಕತ್ತರಿಸಿ, ಎರಡು ತುದಿ ಸೇರಿಸಿ ಗಂಟು ಹಾಕಿ, ತುದಿಗಳನ್ನು ಲೈಟರ್‌ನಿಂದ ಸ್ವಲ್ಪ ಕರಗಿಸಿ. ಅದನ್ನು ಕಿಂಡಿಯಲ್ಲಿ ತೂರಿಸಿ, ಗಂಟಿರುವ ತುದಿಯನ್ನು ಇನ್ನೊಂದು ತುದಿಯ ಕುಣಿಕೆಯೊಳಗಿಂದ ಹಾಯಿಸಿ ಎಳೆದರೆ ಕಿಂಡಿಗೆ ಬಿಗಿಯಾಗಿ ಕೂರುತ್ತದೆ, ಇತ್ತ ಕಡೆ ಕ್ಲಿಪ್ ಸಿಕ್ಕಿಸಲು ಉಂಗುರ ಸಿಗುತ್ತದೆ. ಎರಡೂ ಬದಿ ಒಂದೇ ಉದ್ದ. ವರ್ಷಕ್ಕೊಮ್ಮೆ ದಾರ ಬದಲಿಸಿ, ದಾರದ ಮುಖ ನೋಡಿ ಅಜ್ಜನ ದುರ್ಬೀನು ಕಳಕೊಳ್ಳಬೇಡಿ. ಅಷ್ಟು ಹಳೆಯದಾದರೆ ಕಿಂಡಿಯನ್ನೂ ಒಮ್ಮೆ ನೋಡಿ. ಬಿರುಕು ಬಿಟ್ಟಿದ್ದರೆ ಯಾವ ಹಾರ್ನೆಸ್ಸೂ ಬೇಡ, ಚೀಲದಲ್ಲೇ ಒಯ್ಯಿರಿ.

ಪ್ರಶ್ನೆ: ಪಟ್ಟಿ ಬೆವರಿಗೆ ಬಿಳಿಬಿಳಿ ಕಲೆ ಕಟ್ಟಿ ವಾಸನೆ ಬರುತ್ತಿದೆ. ಬಟ್ಟೆ ಮಷಿನ್‌ಗೆ ಹಾಕಬಹುದೇ? ಎಲಾಸ್ಟಿಕ್ ಕೂಡ ಸಡಿಲ ಆದ ಹಾಗಿದೆ. — ಗೋಕಾಕ

ಉತ್ತರ: ಮಷಿನ್ ಬೇಡ. ಬಿಸಿನೀರು, ಬ್ಲೀಚ್, ಇಸ್ತ್ರಿ ಮೂರೂ ಎಲಾಸ್ಟಿಕ್ಕಿಗೆ ಶತ್ರು, ಮೇಲಾಗಿ ಕ್ಲಿಪ್ಪು ಡ್ರಮ್ಮಿಗೆ ಬಡಿದು ಒಡೆಯುತ್ತದೆ. ಆ ಬಿಳಿ ಕಲೆ ಬೆವರಿನ ಉಪ್ಪು. ಉಪ್ಪಿನ ಹರಳು ನೂಲಿನ ನಡುವೆ ಕೂತರೆ ಪಟ್ಟಿ ಬಿರುಸಾಗುತ್ತದೆ, ಹೊಲಿಗೆ ಹತ್ತಿರ ಉಜ್ಜಿ ಉಜ್ಜಿ ದಾರ ತಿನ್ನುತ್ತದೆ, ಕ್ಲಿಪ್ಪಿನ ಸ್ಪ್ರಿಂಗಿಗೆ ತುಕ್ಕು ಹಿಡಿಸುತ್ತದೆ. ನಮ್ಮ ಕಡೆ ಎರೆಮಣ್ಣಿನ ಧೂಳೂ ಸೇರಿಕೊಂಡರೆ ಕೇಳಲೇಬೇಡಿ, ಬಕಲ್ ಹಲ್ಲಿನೊಳಗೆ ಕೂತು ಸವೆಸುತ್ತದೆ.

ದುರ್ಬೀನು ಬಿಚ್ಚಿಡಿ. ಮೊದಲು ಪಟ್ಟಿ ಒಣಗಿದ್ದಾಗಲೇ ಹಳೆಯ ಹಲ್ಲುಜ್ಜುವ ಬ್ರಷ್‌ನಿಂದ ಧೂಳು ಉದುರಿಸಿ, ಮುಖ್ಯವಾಗಿ ಬಕಲ್ ಸಂದಿಯಲ್ಲಿ. ಆಮೇಲೆ ಬಕೆಟ್ ತಣ್ಣೀರಿಗೆ ಒಂದಿಷ್ಟು ಶಾಂಪೂ ಹಾಕಿ ಕಾಲು ಗಂಟೆ ನೆನೆಸಿ ಕೈಯಲ್ಲಿ ಹಿಸುಕಿ. ಬೆನ್ನಿನ ತುಂಡು ನಿಜವಾದ ಚರ್ಮವಾದರೆ ಅದನ್ನು ನೀರಿನಿಂದ ಹೊರಗಿಡಿ, ಒದ್ದೆ ಬಟ್ಟೆಯಿಂದ ಒರೆಸಿದರೆ ಸಾಕು. ನೊರೆ ಹೋಗುವವರೆಗೆ ಜಾಲಾಡಿಸಿ. ಹಿಂಡಬೇಡಿ, ಟವೆಲ್‌ನಲ್ಲಿ ಸುತ್ತಿ ಒತ್ತಿ. ತಂತಿಗೆ ತೂಗು ಹಾಕುವುದೂ ಬೇಡ, ನೀರಿನ ಭಾರಕ್ಕೆ ಎಲಾಸ್ಟಿಕ್ ಜೋತು ಬೀಳುತ್ತದೆ. ನೆರಳಲ್ಲಿ ಚಾಪೆ ಮೇಲೆ ಹರಡಿ. ಕ್ಲಿಪ್ ಒಣಗಿದ ಮೇಲೆ ಲೋಹದ್ದಾದರೆ ಹೊಲಿಗೆ ಮಷಿನ್ ಎಣ್ಣೆ ಒಂದೇ ಹನಿ ಸ್ಪ್ರಿಂಗಿಗೆ ಬಿಟ್ಟು ಚೆನ್ನಾಗಿ ಒರೆಸಿ. ಎಣ್ಣೆ ಕೈಯಲ್ಲಿ ಲೆನ್ಸ್ ಮುಟ್ಟಬೇಡಿ. ಗೋಕಾಕದವರಿಗೆ ಹೇಳಬೇಕು, ಕರದಂಟು ತಿಂದ ಕೈಯಲ್ಲೂ ಮುಟ್ಟಬೇಡಿ!

ಎಲಾಸ್ಟಿಕ್ ಹೋಗಿದೆಯೋ ಇಲ್ಲವೋ ನೋಡಲು, ಒಂದು ಗೇಣು ಭಾಗವನ್ನು ಎಳೆದು ಬಿಡಿ. ಬಿಟ್ಟ ಕೂಡಲೇ ಮೊದಲಿನ ಉದ್ದಕ್ಕೆ ಬಂದರೆ ಜೀವ ಇದೆ. ಅಂಚು ಅಲೆಅಲೆಯಾಗಿ ನಿಂತರೆ, ಒಳಗಿನ ರಬ್ಬರ್ ಎಳೆ ಬಿಳಿ ಕೂದಲಿನಂತೆ ಹೊರಗೆ ಇಣುಕಿದರೆ ಅದರ ಕಥೆ ಮುಗಿಯಿತು. ಬಕಲ್ ಬಿಗಿ ಮಾಡಿ ಇನ್ನೊಂದು ಸೀಸನ್ ತಳ್ಳೋಣ ಅನ್ನಬೇಡಿ. ಎಲಾಸ್ಟಿಕ್ ಬದಲಿಸುವುದು ಬ್ಯಾಗ್ ರಿಪೇರಿ ಅಂಗಡಿಯವರ ಕೈಯಲ್ಲೂ ಆಗುತ್ತದೆ. ನೈಲಾನ್ ದಾರದಲ್ಲಿ, ಚೌಕ ಹೊಲಿದು ನಡುವೆ ಅಡ್ಡಡ್ಡ ಎರಡು ಗೆರೆ ಹಾಕಿ ಅಂತ ಹೇಳಿ. ಹತ್ತಿ ದಾರ ಬೆವರಿಗೆ ಬೇಗ ಕೊಳೆಯುತ್ತದೆ.

ಬೇಸಿಗೆಯಲ್ಲಿ ಇದನ್ನು ಕಾರಿನ ಗಾಜಿನ ಮುಂದೆ ಬಿಟ್ಟು ಹೋಗುವವರು ಇದ್ದಾರೆ. ನಮ್ಮ ಬಿಸಿಲಿಗೆ ಮುಚ್ಚಿದ ಕಾರು ಒಲೆಯೇ. ರಬ್ಬರು ಬೇಗ ಸಾಯುತ್ತದೆ, ದುರ್ಬೀನಿನೊಳಗಿನ ಗ್ರೀಸು, ಅಂಟು ಎರಡಕ್ಕೂ ಒಳ್ಳೆಯದಲ್ಲ.

ಪ್ರಶ್ನೆ: ಮಳೆಗಾಲದಲ್ಲಿ ಭೀಮಗಡದ ಕಡೆ ಓಡಾಟ. ಹಾರ್ನೆಸ್ ಒಣಗುವುದೇ ಇಲ್ಲ. ಹೋದ ವರ್ಷ ಲೆನ್ಸ್ ಒಳಗೆ ಜೇಡರ ಬಲೆಯಂಥ ಗೆರೆ ಬಂತು. ಎರಡಕ್ಕೂ ಸಂಬಂಧ ಇದೆಯೇ? — ಖಾನಾಪುರ

ಉತ್ತರ: ಆ ಗೆರೆ ಶಿಲೀಂಧ್ರ, ಬೂಸಲು. ಸಂಬಂಧ ಖಂಡಿತ ಇರಬಹುದು. ಬಹಳ ಜನ ಮನೆಗೆ ಬಂದು ಒದ್ದೆ ಹಾರ್ನೆಸ್ಸನ್ನೇ ದುರ್ಬೀನಿಗೆ ಸುತ್ತಿ, ಎರಡನ್ನೂ ಕೇಸಿನೊಳಗೆ ತುರುಕಿ ಜಿಪ್ ಎಳೆದುಬಿಡುತ್ತಾರೆ. ಕತ್ತಲೆ, ತೇವ, ಗಾಳಿ ಇಲ್ಲ. ಬೂಸಲಿಗೆ ಇನ್ನೇನು ಬೇಕು? ಸುತ್ತುವಾಗ ಬಕಲ್ ಲೆನ್ಸಿಗೆ ತಾಗಿ ಗೀರು ಬೀಳುವುದು ಇನ್ನೊಂದು ನಷ್ಟ.

ಮನೆಗೆ ಬಂದ ಕೂಡಲೇ ಹಾರ್ನೆಸ್ ಬಿಚ್ಚಿ ಬೇರೆ ಮಾಡಿ. ಅದು ಫ್ಯಾನಿನ ಕೆಳಗೆ ರಾತ್ರಿಯೆಲ್ಲ ಬಿದ್ದಿರಲಿ. ದುರ್ಬೀನಿನ ಹೊರಮೈ ಒರೆಸಿ, ಮುಚ್ಚಳ ತೆಗೆದು ಅದನ್ನೂ ಗಾಳಿಗೆ ಇಡಿ. ಪೂರ್ತಿ ಒಣಗಿದ ಮೇಲೆ ಗಾಳಿಯಾಡದ ಪ್ಲಾಸ್ಟಿಕ್ ಡಬ್ಬಿಯಲ್ಲಿ ತೇವ ಹೀರುವ ಸಿಲಿಕಾ ಜೆಲ್ ಜೊತೆ ಇಡಿ. ಬಣ್ಣ ಬದಲಾಗುವ ಹರಳು ತಂದರೆ ಯಾವಾಗ ಬಿಸಿ ಮಾಡಿ ಒಣಗಿಸಬೇಕು ಅಂತ ಅದೇ ಹೇಳುತ್ತದೆ. ಹಾರ್ನೆಸ್ ಆ ಡಬ್ಬಿಯೊಳಗೆ ಬೇಡ, ಹೊರಗೆ ಮೊಳೆಗೆ ತೂಗು ಹಾಕಿ, ಒಣಗಿದ್ದಾಗ ತೂಗು ಹಾಕಿದರೆ ತೊಂದರೆ ಇಲ್ಲ. ಒಳಗಿನ ಬೂಸಲನ್ನು ನೀವೇ ಬಿಚ್ಚಿ ಒರೆಸಲು ಹೋಗಬೇಡಿ, ಪ್ರಿಸಂ ಮತ್ತೆ ಸರಿಯಾಗಿ ಕೂರಿಸುವುದು ಮನೆಯಲ್ಲಿ ಆಗುವ ಕೆಲಸ ಅಲ್ಲ.

ಮಳೆಯಲ್ಲಿ ಕಣ್ಣಿನ ಕಡೆಯ ಲೆನ್ಸಿಗೆ ಬರುವ ರಬ್ಬರ್ ಮುಚ್ಚಳವನ್ನು ಎಡ ಬದಿಯ ಪಟ್ಟಿಗೆ ಮಾತ್ರ ಪೋಣಿಸಿ. ಎರಡೂ ಬದಿಗೆ ಪೋಣಿಸಿದರೆ ಎತ್ತುವಾಗ ಮೂಗಿನ ಮುಂದೆ ಬಂದು ಅಡ್ಡ ನಿಲ್ಲುತ್ತದೆ. ಒಂದೇ ಬದಿಗಾದರೆ ಪಕ್ಕಕ್ಕೆ ಜೋತುಬಿದ್ದು ದಾರಿ ಬಿಡುತ್ತದೆ.

ಪ್ರಶ್ನೆ: ಕಾಲೇಜು ಹುಡುಗ. ಹಾರ್ನೆಸ್‌ಗೆ ಕೊಡುವಷ್ಟು ದುಡ್ಡಿಲ್ಲ. ಹಳೆಯ ಸ್ಕೂಲ್ ಬ್ಯಾಗಿನ ಪಟ್ಟಿಯಿಂದ ಮಾಡಿಕೊಳ್ಳಬಹುದಾ? — ಜಮಖಂಡಿ

ಉತ್ತರ: ಯಾಕಾಗಬಾರದು, ಚೆನ್ನಾಗೇ ಆಗುತ್ತದೆ. ಬೆರಳಗಲದ ನೈಲಾನ್ ಪಟ್ಟಿ ಬೇಕು, 20 ಮಿ.ಮೀ. ಇದ್ದರೆ ಆರಾಮ. ಹಳೆಯ ಬ್ಯಾಗಿನಲ್ಲಿ ಪಟ್ಟಿ, ಬಕಲ್ ಎರಡೂ ಸಿಗುತ್ತವೆ. ಮಂಚದ ನವಾರ ಬೇಡ, ಅಗಲ ಜಾಸ್ತಿ, ಬೆವರು ಹೀರಿ ಭಾರವಾಗುತ್ತದೆ. ಬೆನ್ನಿನ ತುಂಡಿಗೆ ಹಳೆಯ ಬೆಲ್ಟಿನ ಚರ್ಮ ಅಂಗೈ ಅಗಲ ಕತ್ತರಿಸಿ, ನಾಲ್ಕು ಸೀಳು ಕೊಟ್ಟು ಪಟ್ಟಿ ಅಡ್ಡಡ್ಡ ಹಾಯಿಸಿ. ಬೆಲ್ಟ್ ಅಗಲ ಸಾಲದಿದ್ದರೆ ಚಪ್ಪಲಿ ರಿಪೇರಿಯವರ ಹತ್ತಿರ ಉಳಿದ ತುಂಡು ಕೇಳಿ.

ಬಕಲ್‌ನಲ್ಲಿ ಪಟ್ಟಿ ಪೋಣಿಸುವಾಗ ಮಾತ್ರ ಸರಿಯಾಗಿ ಗಮನ ಕೊಡು. ದುರ್ಬೀನಿನ ಕಿಂಡಿಯಿಂದ ವಾಪಸ್ ಬಂದ ತುದಿ ಬಕಲ್‌ನ ಒಂದು ಸೀಳಿನಿಂದ ಮೇಲೆದ್ದು, ನಡುವಿನ ಕಡ್ಡಿ ದಾಟಿ, ಇನ್ನೊಂದು ಸೀಳಿನಿಂದ ಇಳಿದು, ಬಕಲ್ ಮತ್ತು ಮುಖ್ಯ ಪಟ್ಟಿಯ ನಡುವೆ ಸಿಕ್ಕಿಕೊಂಡಿರಬೇಕು. ಆಗ ಭಾರ ಬಿದ್ದಷ್ಟೂ ಅದು ಗಟ್ಟಿ ಕಚ್ಚುತ್ತದೆ. ತುದಿ ಹೊರಗೆ ಬಾಲದಂತೆ ನೇತಾಡುತ್ತಿದ್ದರೆ ನಡೆಯುತ್ತಾ ನಡೆಯುತ್ತಾ ಮೆಲ್ಲಗೆ ಜಾರಿ ಒಂದು ದಿನ ಬಿಟ್ಟುಕೊಡುತ್ತದೆ. ಕನಿಷ್ಠ ನಾಲ್ಕು ಬೆರಳು ತುದಿ ಉಳಿಸು, ಅಂಚನ್ನು ಲೈಟರ್‌ಗೆ ತೋರಿಸಿ ಕರಗಿಸು. ಮೊದಲು ಒಂದು ಲೀಟರ್ ನೀರಿನ ಬಾಟಲಿ ಸಿಕ್ಕಿಸಿಕೊಂಡು ದಿನವಿಡೀ ತಿರುಗು, ಅದರ ತೂಕ ಒಂದು ಕೆ.ಜಿ. ಆಗುತ್ತದೆ, ಬಹುತೇಕ ದುರ್ಬೀನುಗಳಿಗಿಂತ ಜಾಸ್ತಿಯೇ. ಬಾಟಲಿ ಬೀಳದಿದ್ದರೆ ಆಮೇಲೆ ದುರ್ಬೀನು.

ಪ್ರಶ್ನೆ: ಬೆನ್ನಿಗೆ ಚೀಲ ಇದ್ದಾಗ ಯಾವುದು ಮೊದಲು? — ಮುಧೋಳ

ಉತ್ತರ: ಹಾರ್ನೆಸ್ ಮೊದಲು, ಮೇಲೆ ಚೀಲ. ನೀರು ಕುಡಿಯಲು ಚೀಲ ಇಳಿಸಿದಾಗಲೆಲ್ಲ ದುರ್ಬೀನು ಬಿಚ್ಚುವುದು ತಪ್ಪುತ್ತದೆ. ಬೆನ್ನಿನ ತುಂಡು ಗಡುಸಾಗಿದ್ದರೆ ಚೀಲದ ಕೆಳಗೆ ಒತ್ತುತ್ತದೆ, ಆಗ ಚೀಲದ ಹೆಗಲಪಟ್ಟಿಗೇ ಸಿಕ್ಕಿಸುವ ಎರಡು ಸಣ್ಣ ಪಟ್ಟಿ ಸಿಗುತ್ತವೆ, ಅದು ವಾಸಿ.

ಪ್ರಶ್ನೆ: ಮಗಳಿಗೆ 8 ವರ್ಷ. ಅವಳಿಗೂ ಹಾರ್ನೆಸ್ ಬೇಕಾ? — ಬೆಳಗಾವಿ

ಉತ್ತರ: ಬೇಕು, ಭಾರಕ್ಕಿಂತ ಕುತ್ತಿಗೆಯ ಕಾರಣಕ್ಕೆ. ಮಕ್ಕಳು ಮರ ಹತ್ತುತ್ತವೆ, ಬೇಲಿ ನುಸುಳುತ್ತವೆ, ಕುತ್ತಿಗೆಯ ಪಟ್ಟಿ ಎಲ್ಲಾದರೂ ಸಿಕ್ಕಿಕೊಂಡರೆ ಅಪಾಯ. ಆಟಕ್ಕೆ ಹೋಗುವಾಗ ಹಾರ್ನೆಸ್ಸೂ ಬಿಚ್ಚಿಸಿ. 8×25ರಂಥ ಹಗುರದ್ದು ಕೊಡಿ. ದುರ್ಬೀನಿನಲ್ಲಿ ಸೂರ್ಯನನ್ನು ನೋಡಬಾರದು, ಒಂದು ಕ್ಷಣಕ್ಕೂ ನೋಡಬಾರದು ಅಂತ ಅವಳಿಗೆ ಹಾರ್ನೆಸ್ ಹಾಕುವ ಮೊದಲೇ ಹೇಳಿ. ಕಣ್ಣಿಗೆ ಆಗುವ ಗಾಯ ವಾಸಿಯಾಗುವಂಥದ್ದಲ್ಲ.

ಪ್ರಶ್ನೆ: ಬೈಕ್ ಓಡಿಸುವಾಗ ಎದೆ ಮೇಲೇ ಇರಲಿಯಾ? ಘಟಪ್ರಭಾ ಪಕ್ಷಿಧಾಮಕ್ಕೆ ಹೋಗುವ ದಾರಿಯಲ್ಲೂ ಹಕ್ಕಿ ಸಿಗುತ್ತವೆ. — ಹುಕ್ಕೇರಿ

ಉತ್ತರ: ಬೇಡ. ತಗ್ಗು ದಿನ್ನೆಗೆ ಅದು ಪೆಟ್ರೋಲ್ ಟ್ಯಾಂಕಿಗೆ ಕುಟ್ಟುತ್ತದೆ, ಬಿದ್ದರೆ ಪಕ್ಕೆಲುಬಿಗೆ. ಹಾರ್ನೆಸ್ ಮೈಮೇಲೆ ಇರಲಿ, ದುರ್ಬೀನು ಮಾತ್ರ ಕ್ಲಿಪ್ ಬಿಚ್ಚಿ ಬೆನ್ನಿನ ಚೀಲದಲ್ಲಿ ಟವೆಲ್ ಸುತ್ತಿ ಇಡಿ. ಖಾಲಿ ಕ್ಲಿಪ್ಪುಗಳು ಗಾಳಿಗೆ ಹಾರಾಡದಂತೆ ಒಂದಕ್ಕೊಂದು ಸಿಕ್ಕಿಸಿಕೊಳ್ಳಿ. ಪಕ್ಷಿಧಾಮ ಇರುವ ಧೂಪದಾಳ ಮುಟ್ಟಿ ಗಾಡಿ ನಿಲ್ಲಿಸಿದ ಮೇಲೆ ಎರಡು ಕ್ಲಿಪ್ ಹಾಕಲು ಎಷ್ಟು ಹೊತ್ತು ಬೇಕು? ದಾರಿಯಲ್ಲಿ ಹಕ್ಕಿ ಕಂಡರೂ ಅಷ್ಟೇ, ಗಾಡಿ ಬದಿಗೆ ನಿಲ್ಲಿಸಿ, ಸ್ಟ್ಯಾಂಡ್ ಹಾಕಿ, ಆಮೇಲೆ ನೋಡಿ.